ನಾಲ್ಕು ತಾಲ್ಲೂಕು ಮತ್ತು ನಮ್ಮ ವಾಲಿಬಾಲ್ ಟೀಮು

ತೊಂಬತ್ತರ ದಶಕದಲ್ಲಿ ನಮ್ಮ ಭಾಗದಲ್ಲಿ ಪ್ರತಿವರ್ಷ ಸುಗ್ಗಿ ಮುಗಿದ ಮೇಲೆ ಒಂದು ವಾಲಿಬಾಲ್ ಲೀಗ್ ನಡೆಯುತ್ತಿತ್ತು. ಕೂಡ್ಲಿಗಿ, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಈ ನಾಲ್ಕು ತಾಲ್ಲೂಕುಗಳ ತಂಡಗಳು, ಐದನೆಯದಾಗಿ ನಾವು, ಕೊಟ್ಟೂರಿನವರು. ಆಗ ಕೊಟ್ಟೂರು ತಾಲ್ಲೂಕಾಗಿರಲಿಲ್ಲ. ಸಂತೆ, ವ್ಯಾಪಾರ, ಕಾಲೇಜು ಎಲ್ಲ ನಮ್ಮಲ್ಲಿ. ತಹಸೀಲ್ದಾರರು ಮಾತ್ರ ಕೂಡ್ಲಿಗಿಯಲ್ಲಿ. ಒಂದು ಪಹಣಿ ಬೇಕೆಂದರೂ ಬಸ್ಸು ಹತ್ತಿ ಅಲ್ಲಿಗೆ ಹೋಗಿ ಸಾಲಿನಲ್ಲಿ ನಿಲ್ಲಬೇಕಾಗಿತ್ತು. ಈ ಅವಮಾನವನ್ನು ಮನವಿಪತ್ರ ಕೊಟ್ಟು ತೊಳೆದುಕೊಳ್ಳಲು ಆಗದೆ ಹೋದಾಗ, ವಾಲಿಬಾಲ್ ಆಡಿ ತೊಳೆದುಕೊಳ್ಳಬೇಕೆಂದು ನಮ್ಮ ಹಿರಿಯರು ತೀರ್ಮಾನಿಸಿದರು. ಮನವಿಪತ್ರವನ್ನೇ ನೆಚ್ಚಿಕೊಂಡಿದ್ದರೆ ಮರ್ಯಾದೆ ಸ್ವಲ್ಪ ಉಳಿಯುತ್ತಿತ್ತು.

ಟೀಮಿನ ಅಧ್ಯಕ್ಷರು ಪೇಟೆಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದ ಸಾಹುಕಾರರು. ಅವರು ಜೀವಮಾನದಲ್ಲಿ ವಾಲಿಬಾಲನ್ನು ಮುಟ್ಟಿದ್ದು ಒಂದೇ ಸಲ, ಉದ್ಘಾಟನೆಯ ದಿನ. ಅದಕ್ಕೂ ಕುಂಕುಮ ಹಚ್ಚಲು. ಆದರೆ ಜರ್ಸಿ ಹೊಲಿಸಿಕೊಟ್ಟವರು ಅವರು. ಹಾಗಾಗಿ ಅವರೇ ಅಧ್ಯಕ್ಷರು, ಅವರೇ ಮ್ಯಾನೇಜರು, ಅವರೇ ಕೋಚು. ಜರ್ಸಿಯ ಬಟ್ಟೆ ಕಡು ಗುಲಾಬಿ. ಮೂರು ದೀಪಾವಳಿ ಕಳೆದರೂ ಯಾರೂ ಕೊಳ್ಳದ ಥಾನು ಅದು ಎಂದು ಊರಿನ ದರ್ಜಿಗಳಿಗೆಲ್ಲ ಗೊತ್ತಿತ್ತು. ಬೆನ್ನಿನ ತುಂಬ ಅಂಗಡಿಯ ಹೆಸರು. ಆಟಗಾರನ ನಂಬರು ಅದರ ಕೆಳಗೆ, ಸೊಂಟದ ಹತ್ತಿರ, ಜಾಗ ಉಳಿದಷ್ಟು.

ನಾನು ಬಸ್ ಸ್ಟ್ಯಾಂಡಿನ ಹಿಂದಿದ್ದ ಟೈಪಿಂಗ್ ಇನ್‌ಸ್ಟಿಟ್ಯೂಟಿನಲ್ಲಿ ಪಾಠ ಹೇಳುತ್ತಿದ್ದೆ. ವಾಲಿಬಾಲಿಗೆ ಬೇಕಾದ ಎತ್ತರ ನನಗಿರಲಿಲ್ಲ, ಜಿಗಿತವೂ ಇರಲಿಲ್ಲ. ದುಂಡನೆಯ ಅಕ್ಷರ ಇತ್ತು. ಆ ಅರ್ಹತೆಯ ಮೇಲೆ ನನ್ನನ್ನು ಸ್ಕೋರರ್ ಮಾಡಿದರು. ಜರ್ಸಿ ಏಳು ಹೊಲಿಸಿದ್ದರಿಂದ ಏಳನೆಯ ಆಟಗಾರನನ್ನಾಗಿಯೂ ಮಾಡಿದರು. ಆಡುವವರು ಆರು ಜನ. ಏಳನೆಯವನ ಕೆಲಸ ನೀರಿನ ಕೊಡ ಕಾಯುವುದು.

ಟೀಮಿನಲ್ಲಿ ನಿಜವಾಗಿ ಆಟ ಬರುತ್ತಿದ್ದವನು ಒಬ್ಬನೇ, ನನ್ನ ಗೆಳೆಯ. ಹೈಸ್ಕೂಲಿನಲ್ಲಿ ನಾವಿಬ್ಬರೂ ಒಂದೇ ಬೆಂಚಿನಲ್ಲಿ ಕೂತವರು. ಅವನು ಎಸೆಸೆಲ್ಸಿ ಬಿಟ್ಟು ಅಪ್ಪನ ಗ್ಯಾರೇಜಿಗೆ ಸೇರಿದ. ಉಜ್ಜಿನಿ ರಸ್ತೆಯಲ್ಲಿದ್ದ ಆ ಗ್ಯಾರೇಜಿಗೆ ಲೂನಾದಿಂದ ಹಿಡಿದು ಟ್ರ್ಯಾಕ್ಟರ್‌ವರೆಗೆ ಎಲ್ಲವೂ ಬರುತ್ತಿದ್ದವು. ಟೀಮಿನಲ್ಲಿ ಅವನು ಲಿಫ್ಟರ್, ಅಂದರೆ ಹೊಡೆಯುವವನಿಗೆ ನೆಟ್ಟಿನ ಪಕ್ಕ ಚೆಂಡನ್ನು ಹದವಾಗಿ ಎತ್ತಿಕೊಡುವವನು. ಗ್ರೀಸ್ ಮೆತ್ತಿದ ಆ ಬೆರಳುಗಳಿಂದ ಚೆಂಡು ಸದ್ದಿಲ್ಲದೆ ಮೇಲೇಳುತ್ತಿತ್ತು. ಅದನ್ನು ಹೊಡೆಯಬೇಕಾದ ನಮ್ಮ ವೀರರು ನೆಟ್ಟಿಗೇ ಹೊಡೆಯುತ್ತಿದ್ದರು ಎಂಬುದು ಬೇರೆ ಮಾತು.

ಮೊದಲ ವರ್ಷ ನಾಲ್ಕು ಪಂದ್ಯ ಆಡಿದೆವು, ನಾಲ್ಕೂ ಸೋತೆವು. ಕೂಡ್ಲಿಗಿಯಲ್ಲಿ ಕೊನೆಯ ಪಂದ್ಯ ಮುಗಿದ ಮೇಲೆ ಸಾಹುಕಾರರು ಮೈಕು ಹಿಡಿದು, “ಇದು ಕಲಿಯೋ ವರ್ಷ ಐತ್ರಿ. ಕಲಿತೀವಿ. ಮುಂದಿನ ವರ್ಷ ನೋಡ್ರಿ” ಎಂದರು. ಜನ ಚಪ್ಪಾಳೆ ತಟ್ಟಿದರು. ಮೈಕು ಕೂಡ್ಲಿಗಿಯವರದಾದ್ದರಿಂದ ಚಪ್ಪಾಳೆಯೂ ಅವರದೇ.

ಎರಡನೆಯ ವರ್ಷ ಹಡಗಲಿಯವರು ನಮ್ಮೂರಿಗೆ ಆಡಲು ಬರಬೇಕಾಗಿತ್ತು. ಪಂದ್ಯ ಸಂಜೆ ನಾಲ್ಕಕ್ಕೆ. ಅರ್ಧ ತಾಸಿಗಿಂತ ಹೆಚ್ಚು ತಡವಾದರೆ ಬಾರದ ತಂಡ ಸೋತಂತೆ. ಮೂರು ಗಂಟೆಗೆ ಅವರ ಟೀಮಿನವನೊಬ್ಬ ಯಾರದೋ ಬೈಕಿನ ಹಿಂದೆ ಕೂತು ಮೈದಾನಕ್ಕೆ ಬಂದ. ಅವರ ಟ್ರ್ಯಾಕ್ಸ್ ಜೀಪು ಕೋಗಳಿ ಹತ್ತಿರ ಕೆಟ್ಟು ನಿಂತಿತ್ತು. “ಇಲ್ಲಿ ಮೆಕ್ಯಾನಿಕ್ ಯಾರರ ಅದಾರೇನ್ರಿ?” ಎಂದು ಕೇಳಿದ. ನಮ್ಮ ಟೀಮಿನ ಐದು ಜನರಿಗೆ ಒಮ್ಮೆಲೇ ಕಿವಿ ಕೇಳಿಸದಂತಾಯಿತು. ಸಾಹುಕಾರರು ಆಕಾಶ ನೋಡತೊಡಗಿದರು. ಗೆಳೆಯ ಮಾತ್ರ ಗುಲಾಬಿ ಜರ್ಸಿಯಲ್ಲೇ ಎದ್ದು, ಗ್ಯಾರೇಜಿನಿಂದ ಪಾನಾಗಳ ಚೀಲ ತಂದು, ಅದೇ ಬೈಕಿನ ಮೇಲೆ ಮೂರನೆಯವನಾಗಿ ಹತ್ತಿ ಹೋದ.

ನಾಲ್ಕು ಗಂಟೆಯಾಯಿತು. ನಾಲ್ಕೂ ಹತ್ತು. ಸಾಹುಕಾರರು ಗಳಿಗೆಗೊಮ್ಮೆ ಗಡಿಯಾರ ನೋಡಿ ನಗುತ್ತಿದ್ದರು. ಇತಿಹಾಸದಲ್ಲಿ ನಮ್ಮ ಮೊದಲ ಗೆಲುವು ಇಪ್ಪತ್ತು ನಿಮಿಷದ ದೂರದಲ್ಲಿತ್ತು. ನಾಲ್ಕೂ ಇಪ್ಪತ್ತಕ್ಕೆ ಟ್ರ್ಯಾಕ್ಸ್ ಧೂಳೆಬ್ಬಿಸುತ್ತ ಮೈದಾನಕ್ಕೆ ನುಗ್ಗಿತು. ಡ್ರೈವರಿನ ಪಕ್ಕದ ಸೀಟಿನಲ್ಲಿ, ಮೂಗಿಗೆ ಮಸಿ ಮೆತ್ತಿಕೊಂಡು, ನಮ್ಮ ಲಿಫ್ಟರ್ ಕೂತಿದ್ದ.

ಹಡಗಲಿಯವರು ಇಳಿದು, ನೀರು ಕುಡಿದು, ನಮ್ಮನ್ನು ನೇರ ಮೂರು ಸೆಟ್ಟುಗಳಲ್ಲಿ ಸೋಲಿಸಿ, ಗೆಳೆಯನ ಕೈ ಕುಲುಕಿ ಹೋದರು.

“ಇನ್ನೊಂದ್ ಹತ್ತು ನಿಮಿಷ ನಟ್ಟು ತಿರುವಿದ್ರ ಏನಾಗ್ತಿತ್ತಲೇ ನಿನಗ?” ಎಂದು ಸಾಹುಕಾರರು ಎಲ್ಲರೆದುರು ಕೂಗಾಡಿದರು.

“ಗಾಡಿ ನಿಂತೈತಿ ಅಂದ್ರ ಹೋಗಬೇಕಲ್ರಿ ಸಾವ್ಕಾರ್ರ. ನಮ್ ಕಸುಬ್ರಿ ಅದು. ಬೇಕಂತ ತಡ ಮಾಡಾಕ ಬರಂಗಿಲ್ರಿ,” ಎಂದು ಗೆಳೆಯ ಕೈಗೆ ಸೀಮೆಎಣ್ಣೆ ಹಚ್ಚಿ ಒರೆಸಿಕೊಳ್ಳುತ್ತ ಹೇಳಿದ.

ಸಾಹುಕಾರರು ಅದನ್ನು ಮರೆಯಲಿಲ್ಲ. ಆಟದ ನಿಯಮ ಒಂದನ್ನೂ ನೆನಪಿಟ್ಟುಕೊಳ್ಳಲಾರದ ಮನುಷ್ಯ ಇದೊಂದನ್ನು ಚೆನ್ನಾಗಿ ನೆನಪಿಟ್ಟುಕೊಂಡರು.

ಮೂರನೆಯ ವರ್ಷ ನಾವು ಎರಡು ಪಂದ್ಯ ಗೆದ್ದೆವು. ಗೆಳೆಯ ದಿನಾ ಬೆಳಿಗ್ಗೆ ಗ್ಯಾರೇಜು ತೆಗೆಯುವ ಮೊದಲು ಹೊಡೆಯುವವರನ್ನು ನಿಲ್ಲಿಸಿಕೊಂಡು ಚೆಂಡು ಎತ್ತಿ ಎತ್ತಿ ಕೊಟ್ಟು ತಯಾರು ಮಾಡಿದ್ದ. ಐದು ತಂಡಗಳಲ್ಲಿ ಮೂರನೇ ಸ್ಥಾನ ಸಿಕ್ಕಿತು. ಸಾಹುಕಾರರು ಟ್ರ್ಯಾಕ್ಟರ್ ಮೇಲೆ ಮೆರವಣಿಗೆ ಹೊರಡಿಸಿದರು. ಬ್ಯಾನರ್ ಬರೆದವನು ನಾನೇ. “ಮೂರನೇ” ಎಂಬುದನ್ನು ಸಣ್ಣಗೆ, “ಸ್ಥಾನ” ಎಂಬುದನ್ನು ದೊಡ್ಡದಾಗಿ ಬರೆಯಬೇಕೆಂದು ಅಪ್ಪಣೆಯಾಗಿತ್ತು. ಟ್ರ್ಯಾಕ್ಟರಿನ ಮುಂದೆ ಹಾರ ಹಾಕಿಕೊಂಡು ನಿಂತವರು ಸಾಹುಕಾರರು. ಗೆಳೆಯ ಹಿಂದೆ ಟ್ರೇಲರಿನಲ್ಲಿ ಕೂತು ಆ ಎಂಜಿನ್ನಿನ ಸದ್ದು ಸರಿಯಿಲ್ಲವೆಂದು ಹೇಳುತ್ತಿದ್ದ.

ಮೂರನೇ ಸ್ಥಾನ ಸಾಹುಕಾರರ ತಲೆಗೇರಿತು. ಮುಂದಿನ ವರ್ಷ ಬಟ್ಟೆ ಖರೀದಿಗೆಂದು ದಾವಣಗೆರೆಗೆ ಹೋದವರು ಅಲ್ಲೊಂದು ಟೂರ್ನಮೆಂಟ್ ನೋಡಿ, ಸೀರೆಗಳ ಜೊತೆಗೆ “ಪ್ರೊಫೆಷನಲ್” ಎಂಬ ಮಾತನ್ನೂ ಕಟ್ಟಿಸಿಕೊಂಡು ಬಂದರು. ಇನ್ನು ಮುಂದೆ ನಮ್ಮದು ಪ್ರೊಫೆಷನಲ್ ಟೀಮು; ಹೊರಗಿನಿಂದ ಮೂವರು ಆಟಗಾರರು ಬರುತ್ತಾರೆ; ಅವರಲ್ಲೊಬ್ಬ ಲಿಫ್ಟರ್. ಒಂದು ಮಧ್ಯಾಹ್ನ ನನ್ನನ್ನು ಅಂಗಡಿಗೆ ಕರೆಸಿ ಹಾಳೆ ಕೊಟ್ಟು, “ಪಟ್ಟಿ ಬರೀಪ್ಪಾ” ಎಂದರು. ಆರು ಹೆಸರು ಹೇಳಿದರು. ಗೆಳೆಯನ ಹೆಸರು ಬರಲಿಲ್ಲ. ನಾನು ಪೆನ್ನು ಎತ್ತಿ ಹಿಡಿದು ಅವರ ಮುಖ ನೋಡಿದೆ.

“ಏಳನೇದು ನಿಂದ ಬರ್ಕೊ. ಈ ಸಲ ನಿನಗ ಹೊಸ ಜರ್ಸಿ,” ಎಂದರು.

ನಾನು ಬರೆದುಕೊಂಡೆ. ಇದನ್ನು ಹೇಳಲು ಈಗಲೂ ನಾಚಿಕೆಯಾಗುತ್ತದೆ. ಆಗ ನನಗೆ ಆದದ್ದು ನಾಚಿಕೆಯಲ್ಲ. ಏಳನೆಯ ಸಾಲನ್ನು ಉಳಿದ ಆರಕ್ಕಿಂತ ಮುತುವರ್ಜಿಯಿಂದ ಬರೆದೆ.

ಪಟ್ಟಿಯನ್ನು ಅಂಗಡಿಯ ಮುಂದಿನ ಬೋರ್ಡಿಗೆ ಅಂಟಿಸಿದರು. ಸಂಜೆ ಗೆಳೆಯ ಬಂದು, ಸೈಕಲ್ ನಿಲ್ಲಿಸಿ, ಒಂದೊಂದಾಗಿ ಏಳೂ ಹೆಸರು ಓದಿದ. ನಾನು ಪಕ್ಕದ ಚಹಾದಂಗಡಿಯ ಬೆಂಚಿನ ಮೇಲಿದ್ದೆ. ನನ್ನ ಕಡೆ ತಿರುಗಿ, “ಅಕ್ಷರ ಚೆಂದ ಬರ್ದೀಯಲೇ,” ಎಂದು ಸೈಕಲ್ ಹತ್ತಿ ಹೋದ.

ಪ್ರೊಫೆಷನಲ್‌ಗಳು ಬಂದರು. ಎಲ್ಲರನ್ನೂ “ಗುರು” ಎನ್ನುತ್ತಿದ್ದರು. ಸಾಹುಕಾರರನ್ನೂ. ಅಭ್ಯಾಸಕ್ಕೆ ಕರೆದರೆ ಬಿಸಿಲು ಎನ್ನುತ್ತಿದ್ದರು, ಊಟಕ್ಕೆ ಕರೆದರೆ ಬಿಸಿಲಿನಲ್ಲೇ ಓಡಿ ಬರುತ್ತಿದ್ದರು. ಸಾಹುಕಾರರ ಮನೆಯ ಹೆಂಗಸರು ಆ ವಾರ ರೊಟ್ಟಿ ತಟ್ಟಿದಷ್ಟು ಮದುವೆಗೂ ತಟ್ಟಿರಲಿಕ್ಕಿಲ್ಲ.

ಮೊದಲ ಪಂದ್ಯ ಹಗರಿಬೊಮ್ಮನಹಳ್ಳಿಯಲ್ಲಿ. ನಾವು ಟ್ರ್ಯಾಕ್ಸಿನಿಂದ ಇಳಿಯುತ್ತಿದ್ದಂತೆ ಎರಡು ಸಂಗತಿಗಳು ಕಂಡವು. ಮೊದಲನೆಯದು, ಎದುರು ಟೀಮಿನ ಬಿಳಿ ಜರ್ಸಿ ತೊಟ್ಟು ಕೈ ಬಿಸಿ ಮಾಡಿಕೊಳ್ಳುತ್ತಿದ್ದ ಗೆಳೆಯ. ಆ ಊರಿನವರು ಹಿಂದಿನ ವಾರವೇ ಗ್ಯಾರೇಜಿಗೆ ಬಂದು ಅವನನ್ನು ಕರೆದಿದ್ದರಂತೆ. ಎರಡನೆಯದು, ನಮ್ಮ ಪ್ರೊಫೆಷನಲ್‌ಗಳಲ್ಲಿ ಎಲ್ಲರಿಗಿಂತ ಉದ್ದಗಿದ್ದವನನ್ನು ಆ ಊರಿನವರೂ ಹೆಸರು ಹಿಡಿದು ಕರೆಯುತ್ತಿದ್ದರು. ಅವನು ಎರಡೂ ಕಡೆ ಒಪ್ಪಿಕೊಂಡಿದ್ದ. ಮುಖದಲ್ಲಿ ಯಾವ ಅಳುಕೂ ಇಲ್ಲದೆ ಸಾಹುಕಾರರನ್ನು, “ಗುರು, ಇವತ್ತು ಯಾವ ಅಂಗಿ ಹಾಕ್ಕೊಳ್ಲಿ?” ಎಂದು ಕೇಳಿದ.

ಎರಡೂ ಕಡೆಯವರು ಅವನ ಒಂದೊಂದು ತೋಳು ಹಿಡಿದು ಅರ್ಧ ತಾಸು ಜಗ್ಗಾಡಿದರು. ಕೊನೆಗೆ ಯಾರ ಪರವಾಗಿಯೂ ಆಡಬಾರದೆಂದು ಅಂಪೈರ್ ತೀರ್ಪು ಕೊಟ್ಟರು. ಅವನು ಬೇವಿನ ಮರದ ಕೆಳಗೆ ಕೂತು ಮಂಡಕ್ಕಿ ಮಿರ್ಚಿ ತರಿಸಿಕೊಂಡು ಎರಡೂ ತಂಡಗಳಿಗೆ ಸಮನಾಗಿ ಚಪ್ಪಾಳೆ ತಟ್ಟಿದ. ಆರನೆಯವನಾಗಿ ಕೋರ್ಟಿಗಿಳಿದವನು ನಾನು.

ನನ್ನ ಮೊದಲ ಸರ್ವಿಸು ನೆಟ್ಟಿನ ಹತ್ತಿರ ನಿಂತಿದ್ದ ನಮ್ಮ ನಾಯಕನ ಕುತ್ತಿಗೆಗೆ ಬಡಿಯಿತು. ಜನಕ್ಕೆ ಅದು ಬಹಳ ಇಷ್ಟವಾಯಿತು. ಆಮೇಲೆ ಗೆಳೆಯ ನೆಟ್ಟಿಗೆ ಬಂದ. ಅವನು ಚೆಂಡು ಎತ್ತಿಕೊಡುತ್ತಾನೆಂದು ನಮ್ಮವರು ಅವನ ಪಕ್ಕದ ಹೊಡೆಯುವವನನ್ನೇ ನೋಡುತ್ತಿದ್ದರೆ, ಅವನು ಎರಡು ಬೆರಳಿನಿಂದ ಅದನ್ನು ನೆಟ್ಟಿನಾಚೆ ತಳ್ಳಿದ. ಚೆಂಡು ಹೂವಿನಂತೆ ಬಂದು ನನ್ನ ಕಾಲ ಬಳಿ ಬಿತ್ತು. ಮತ್ತೊಮ್ಮೆ ಹಾಗೆಯೇ. ಮತ್ತೊಮ್ಮೆ. ನಮ್ಮ ಟೀಮಿನಲ್ಲಿ ತೂತು ಎಲ್ಲಿದೆಯೆಂದು ಅವನಿಗಿಂತ ಚೆನ್ನಾಗಿ ಬಲ್ಲವರು ಯಾರಿದ್ದರು? ನಾಲ್ಕನೆಯ ಸಲ ನಾನು ಮುಂದೆ ಹಾರಿ ಮುಖ ಕೆಳಗಾಗಿ ಬಿದ್ದೆ. ಬಾಯಿಗೆ ಮಣ್ಣು ಹೋಯಿತು. ತಲೆಯೆತ್ತಿ ನೋಡಿದರೆ ಅವನ ಮುಖದಲ್ಲಿ ನಗುವೂ ಇರಲಿಲ್ಲ, ಸಿಟ್ಟೂ ಇರಲಿಲ್ಲ. ಮುಂದಿನ ಸರ್ವಿಸಿಗೆ ಕಾಯುತ್ತಿದ್ದ, ಅಷ್ಟೇ.

ಸೋತೆವು. ಸಾಹುಕಾರರು ಯಾರಿಗೂ ಹೇಳದೆ ಟ್ರ್ಯಾಕ್ಸ್ ಹತ್ತಿಕೊಂಡು ಹೊರಟುಹೋದರು. ಪ್ರೊಫೆಷನಲ್‌ಗಳು ಎಲ್ಲಿ ಕರಗಿದರೋ ತಿಳಿಯಲಿಲ್ಲ. ನಾನು ಬಸ್ಸು ಹಿಡಿದೆ. ಸೀಟು ಹುಡುಕುತ್ತ ಹೋದರೆ ಖಾಲಿ ಇದ್ದದ್ದು ಗೆಳೆಯನ ಪಕ್ಕದಲ್ಲೇ. ಗೆದ್ದವನ ಮನೆಯೂ ಕೊಟ್ಟೂರಿನಲ್ಲೇ ಇತ್ತಲ್ಲ.

ಬಸ್ಸು ಹಗರಿಬೊಮ್ಮನಹಳ್ಳಿ ದಾಟಿತು. ಆಮೇಲೆ ಅವನು ಊದಿಕೊಂಡಿದ್ದ ನನ್ನ ಬೆರಳು ನೋಡಿ, “ಎರಡೂ ಕೈ ಕೂಡ್ಸಿ ಹಿಡೀಬೇಕಲೇ. ಇಲ್ಲಂದ್ರ ಟೈಪ್ ಹೊಡಿಯಾಕೂ ಬೆರಳು ಉಳಿಯಂಗಿಲ್ಲ,” ಎಂದ.

“ಆ ಪಟ್ಟಿ ನಾ ಬರೀಬಾರದಿತ್ತು,” ಎಂದೆ.

“ಹೌದು, ಬರೀಬಾರದಿತ್ತು,” ಎಂದ ಅವನು. ಹೋಗಲಿ ಬಿಡು ಎನ್ನುತ್ತಾನೆಂದು ಕಾದಿದ್ದ ನನಗೆ ಅದು ಆ ನಾಲ್ಕು ಚೆಂಡುಗಳಿಗಿಂತ ಜೋರಾಗಿ ಬಡಿಯಿತು. ಕಿಟಕಿಯಾಚೆ ನೋಡುತ್ತಲೇ ಮುಂದುವರಿಸಿದ: “ಸಾವ್ಕಾರ್ರ ಎದುರು ಬ್ಯಾಡ ಅನ್ನಾಕ ನಿನ್ನ ಕೈಲಿ ಆಗಂಗಿಲ್ಲ, ಗೊತ್ತೈತಿ. ಆದ್ರ ಬರ್ದ ಮ್ಯಾಲರ ಗ್ಯಾರೇಜಿಗೆ ಬಂದು ನನಗ ಹೇಳಬೇಕಿತ್ತು. ನಾ ಬೋರ್ಡಿನ್ಯಾಗ ಓದಿದೆ.”

ನಾನು ತಪ್ಪಾಯಿತೆಂದೆ. ಅವನು ತಲೆಯಾಡಿಸಿದ. ಊರು ಬಂದಾಗ ಇಬ್ಬರೂ ಇಳಿದು ಚಹಾ ಕುಡಿದೆವು. ಹಿಂದಿನಷ್ಟು ಮಾತು ಮತ್ತೆ ಶುರುವಾಗಲು ಒಂದು ವರ್ಷವೇ ಬೇಕಾಯಿತು.

ಮರುವರ್ಷ ಸಾಹುಕಾರರು ಅವನನ್ನು ಕರೆತರಲು ನನ್ನನ್ನೇ ಕಳಿಸಿದರು. ಅವನು ಸ್ಕೂಟರಿನ ಅಡಿಯಿಂದಲೇ, “ನಾ ಒಲ್ಲೆ. ಅಲ್ಲಿ ಆಡ್ತೀನಂತ ಮಾತು ಕೊಟ್ಟೀನಿ,” ಎಂದ. ಹಗರಿಬೊಮ್ಮನಹಳ್ಳಿಗೆ ಮೂರು ವರ್ಷ ಆಡಿದ. ಆ ಮೂರು ವರ್ಷ ನಾವು ಏನಾದೆವೆಂದು ವಿವರಿಸುವ ಅಗತ್ಯವಿಲ್ಲ. ಸಾಹುಕಾರರ ಭಾಷಣ ಮಾತ್ರ ಹಾಗೆಯೇ ಇತ್ತು. ನಾವು ಕಲಿಯುತ್ತಲೇ ಇದ್ದೆವು.

ಆಮೇಲೆ ಹರಪನಹಳ್ಳಿಯನ್ನು ದಾವಣಗೆರೆ ಜಿಲ್ಲೆಗೆ ಸೇರಿಸಿದರು. ಬೇರೆ ಜಿಲ್ಲೆಯ ತಂಡ ನಮ್ಮ ಲೀಗಿನಲ್ಲಿ ಇರಬಹುದೇ ಎಂದು ಮೂರು ಸಭೆ ನಡೆದವು. ಅವರ ಮ್ಯಾನೇಜರು, “ಜಿಲ್ಲೆ ಬದಲಾಗಿದೆ ಕಣ್ರೀ, ನೆಟ್ಟು ಎತ್ತರ ಅಷ್ಟೇ ಇದೆಯಲ್ಲ?” ಎಂದು ಕೇಳಿದರು. ಯಾರ ಬಳಿಯೂ ಉತ್ತರ ಇರಲಿಲ್ಲವಾದ್ದರಿಂದ ಅವರನ್ನು ಕೈಬಿಡಲಾಯಿತು. ಐದು ತಂಡಗಳಲ್ಲಿ ಐದನೆಯವರಾಗಿದ್ದ ನಾವು ನಾಲ್ಕನೆಯವರಾದೆವು. ಸಾಹುಕಾರರು ಇದನ್ನು ಪ್ರಗತಿ ಎಂದರು.

ಎರಡು ಸಾವಿರದ ಆಚೆ ಲೀಗ್ ನಿಂತುಹೋಯಿತು. ಆ ಹೊತ್ತಿಗೆ ಗೆಳೆಯ ತನ್ನ ಅಕ್ಕನ ಮಗಳು ಓದುತ್ತಿದ್ದ ಹೈಸ್ಕೂಲಿನಲ್ಲಿ ಬೆಳಗಿನ ಹೊತ್ತು ಹುಡುಗಿಯರಿಗೆ ವಾಲಿಬಾಲ್ ಹೇಳಿಕೊಡುತ್ತಿದ್ದ. ಆ ತಂಡ ಆಡಿದ ಕಡೆಯಲ್ಲೆಲ್ಲ ಗೆದ್ದು ಬರುತ್ತಿತ್ತು. ಟ್ರ್ಯಾಕ್ಟರ್ ಮೆರವಣಿಗೆಯನ್ನೇನೂ ಯಾರೂ ಮಾಡಲಿಲ್ಲ. ಹುಡುಗಿಯರು ಬಸ್ಸಿಳಿದು ನೇರ ಮನೆಗೆ ಹೋಗಿ ಹೋಂವರ್ಕ್ ಮಾಡುತ್ತಿದ್ದರು.

ಒಂದು ಭಾನುವಾರ ಬೆಳಿಗ್ಗೆ ಅವರಿಗೆ ಅಭ್ಯಾಸವಾಗಲೆಂದು ನಮ್ಮ ಹಳೆಯ ಟೀಮನ್ನು ಕರೆದರು. ಹೊಟ್ಟೆ ಬಂದಿದ್ದ ಆರು ಜನ ಗುಲಾಬಿ ಜರ್ಸಿಗಳನ್ನು ಬಿಗಿಯಾಗಿ ತೊಟ್ಟು, ಮಕ್ಕಳಿಗೆ ನೋವಾಗದಂತೆ ಮೆಲ್ಲಗೆ ಹೊಡೆಯಬೇಕೆಂದು ಮಾತಾಡಿಕೊಂಡು ಕೋರ್ಟಿಗಿಳಿದರು. ಸಾಹುಕಾರರೂ ಕುರ್ಚಿ ಹಾಕಿಸಿಕೊಂಡು ಕೂತರು. ನಾನು ಎಂದಿನಂತೆ ಸ್ಕೋರರ್.

ನಮ್ಮವರ ಸರ್ವಿಸು. ಚೆಂಡು ನಾಲ್ಕು ಸಲ ಆಚೀಚೆ ಹೋಗಿ ಬಂತು. ಗೆಳೆಯನ ಅಕ್ಕನ ಮಗಳು ಹದವಾಗಿ ಎತ್ತಿಕೊಟ್ಟದ್ದನ್ನು ಇನ್ನೊಬ್ಬಳು ಬಾರಿಸಿದಳು. ಚೆಂಡು ನಮ್ಮ ನಾಯಕನ ಎರಡು ಕಾಲುಗಳ ನಡುವೆ ಹಾದುಹೋಯಿತು. ಸರ್ವಿಸ್ ನಮ್ಮದಾದ್ದರಿಂದ, ಸರ್ವಿಸ್ ಮಾಡಿದ ತಂಡಕ್ಕಷ್ಟೇ ಪಾಯಿಂಟ್ ಎಂಬ ಹಳೆಯ ರೂಢಿಯಂತೆ, ನಾನು ಏನೂ ಬರೆಯಲಿಲ್ಲ.

ಚೆಂಡು ಎತ್ತಿಕೊಟ್ಟ ಆ ಹುಡುಗಿ ನನ್ನ ಮೇಜಿನ ಹತ್ತಿರ ಬಂದು, ಸ್ಕೋರ್ ಹಾಳೆ ನೋಡಿ, ಬಹಳ ವಿನಯದಿಂದ ಹೇಳಿದಳು: “ಮಾಮಾ, ಈಗ ರೂಲ್ಸ್ ಬದಲಾಗ್ಯಾವ್ರಿ. ಸರ್ವಿಸ್ ಯಾರದ ಇರ್ಲಿ, ಚೆಂಡು ಬಿತ್ತಂದ್ರ ಪಾಯಿಂಟ್ ಐತ್ರಿ. ಅದು ನಮ್ದು, ಬರ್ಕೊಳ್ರಿ.”

ಬರೆದುಕೊಂಡೆ. ಆ ಬೆಳಿಗ್ಗೆ ನನ್ನ ಕೈಗೆ ಬಿಡುವೇ ಸಿಗಲಿಲ್ಲ.