ಕೆಂಪು ಕಲ್ಲಿಗೆ ಎರೆದ ನೀರು

ಮರೋಳದ ಹುಲ್ಲಪ್ಪ ಕುರಿ ಬಿಟ್ಟು ಕಲ್ಲಿಗೆ ಬಂದದ್ದು ಕಾಲಿನ ದೆಸೆಯಿಂದ. ಎಪ್ಪತ್ತೊಂದನೇ ಇಸವಿಯಲ್ಲಿ, ಬಂಡೆಯ ಸಂದಿಗೆ ಸಿಕ್ಕಿಕೊಂಡ ಮರಿಯೊಂದನ್ನು ಎತ್ತಲು ಹೋಗಿ ಜಾರಿಬಿದ್ದು ಎಡಗಾಲಿನ ಎಲುಬು ಮುರಿದುಕೊಂಡ. ಹುನಗುಂದದ ದವಾಖಾನೆಯಲ್ಲಿ ಕಟ್ಟು ಹಾಕಿದರು. ಎಲುಬು ಕೂಡಿತು. ಆದರೆ ದಿನಕ್ಕೆ ಹತ್ತು ಹನ್ನೆರಡು ಮೈಲಿ ಕುರಿಯ ಹಿಂದೆ ನಡೆಯುವ ಕಾಲು ಅದಾಗಲಿಲ್ಲ. ಹಿಂಡನ್ನು ಅಣ್ಣ ಕನಕಪ್ಪ ನೋಡಿಕೊಂಡ. ಹುಲ್ಲಪ್ಪ ಹೆಂಡತಿ ಸಾವಂತ್ರವ್ವನ ಜೊತೆ ಇಳಕಲ್ಲಿನ ಹೊರಗಿನ ಗುಡ್ಡದಲ್ಲಿ ಹೊಸದಾಗಿ ತೆರೆದಿದ್ದ ಕಲ್ಲಿನ ಕ್ವಾರಿಗೆ ಕೆಲಸಕ್ಕೆ ಬಂದ.

ಗುಡ್ಡದ ಕಲ್ಲು ಕೆಂಪು. ಸಾಲಾಗಿ ತೂತು ಕೊರೆದು, ತೂತಿಗೆ ಕಬ್ಬಿಣದ ಮೊಳೆ ಜಡಿದು, ಮನೆಯಷ್ಟು ದೊಡ್ಡ ಬಂಡೆಯಿಂದ ಪೆಟ್ಟಿಗೆಯಂತಹ ತುಂಡುಗಳನ್ನು ಬಿಡಿಸುತ್ತಿದ್ದರು. ಗಂಡಸರು ಹೊಡೆಯುವವರು, ಹೆಂಗಸರು ಪುಟ್ಟಿಯಲ್ಲಿ ಚಕ್ಕೆ ಹೊರುವವರು. ಕುಂಟುಗಾಲಿನವನಿಗೆ ಮೊದಲು ಸಿಕ್ಕಿದ್ದು ಕಾವಲಿನ ಕೆಲಸ. ಕಾವಲು ಕೂತವನಿಗೆ ಕಲ್ಲು ನೋಡುವುದು ಬಿಟ್ಟರೆ ಬೇರೇನಿರುತ್ತದೆ?

ಒಂದು ದಿನ ಮಳೆ ಬಂದು ನಿಂತಿತು. ಮೇಸ್ತ್ರಿ ತಿಮ್ಮಣ್ಣ ಒಂದು ಬಂಡೆಗೆ ಗುರುತು ಹಾಕುತ್ತಿದ್ದ. ಹುಲ್ಲಪ್ಪ ದೂರದಿಂದಲೇ ಹೇಳಿದ: "ಮೇಸ್ತ್ರಿ, ಅದು ಬ್ಯಾಡ್ರಿ. ಒಳಗ ಸೀಳೈತಿ."

"ನಿನಗ ಯಾರ ಹೇಳಿದ್ರಲೇ?"

"ಕಲ್ಲ ಎಲ್ಲಾ ಆರೇತಿ. ಅದೊಂದು ಗೆರಿ ಇನ್ನೂ ಹಸೀನ ಐತಿ ನೋಡ್ರಿ. ಕುರಿ ಕಾಯೂವಾಗ ನೀರ ಎಲ್ಲಿ ನಿಂತೈತಿ ಅಂತ ಹಿಂಗ ಹುಡುಕ್ತಿದ್ವಿ. ಸೀಳ ಇದ್ದಲ್ಲಿ ನೀರ ಲಗೂನ ಆರೂದಿಲ್ಲ."

ತಿಮ್ಮಣ್ಣ ನಕ್ಕು ಕೆಲಸ ಮುಂದುವರಿಸಿದ. ನಾಲ್ಕು ದಿನ ಹೊಡೆದ ಮೇಲೆ ಕಲ್ಲು ಅದೇ ಗೆರೆಗೆ ಎರಡಾಯಿತು. ಅಂದಿನಿಂದ ಯಾವ ಕಲ್ಲಿಗೆ ಕೈ ಹಚ್ಚಬೇಕಾದರೂ ಮೊದಲು ಹುಲ್ಲಪ್ಪನನ್ನು ಕರೆಯುವುದು ರೂಢಿಯಾಯಿತು.

ಎಪ್ಪತ್ತೈದರ ಚಳಿಗಾಲದಲ್ಲಿ ಜಪಾನಿನಿಂದ ಒಬ್ಬರು ಕಲ್ಲು ಕೊಳ್ಳಲು ಬಂದರು. ಹೆಸರು ಹಿರಾತಾ. ಕ್ವಾರಿಯ ಜನರ ಬಾಯಲ್ಲಿ ಅದು ಎರಡೇ ದಿನಕ್ಕೆ ಹೀರಾಸಾಬ ಆಯಿತು. ಇಳಕಲ್ಲಿನ ಪೇಟೆಯಲ್ಲಿ ಹೀರಾಸಾಬ ಎಂಬ ಹೆಸರು ಕೇಳಿ ಬದಾಮಿಯ ಕಡೆಯ ಸಾಬರಿರಬೇಕು ಎಂದುಕೊಂಡವರೂ ಇದ್ದರು. ಐವತ್ತರ ಆಸುಪಾಸಿನ ಸಣ್ಣ ಆಳು, ತಲೆಗೆ ಬಟ್ಟೆಯ ಟೊಪ್ಪಿಗೆ, ಕಾಲಿಗೆ ಕ್ಯಾನ್ವಾಸ್ ಬೂಟು. ಅವರ ಮಾತನ್ನು ತಿಳಿಸಿ ಹೇಳುವವನು ಕ್ವಾರಿಯ ಆಫೀಸಿನ ಕಾರಕೂನ ಮಹಮ್ಮದ. ಹೀರಾಸಾಬರ ಇಂಗ್ಲಿಷೂ ಅರೆಬರೆ, ಮಹಮ್ಮದನದೂ ಅರೆಬರೆ. ಇಬ್ಬರಿಗೂ ಪೂರಾ ಬಂದಿದ್ದರೆ ಒಬ್ಬರದೊಬ್ಬರಿಗೆ ತಿಳಿಯುತ್ತಲೇ ಇರಲಿಲ್ಲ ಎಂದು ಮಹಮ್ಮದ ಹೇಳುತ್ತಿದ್ದ.

ಹೀರಾಸಾಬರು ಕಲ್ಲು ನೋಡುವ ರೀತಿ ಕಂಡು ಹುಲ್ಲಪ್ಪ ನಿಂತಲ್ಲೇ ನಿಂತ. ಅವರು ಒಂದು ಕೊಡ ನೀರು ತರಿಸಿ ಕಲ್ಲಿನ ಮೇಲೆಲ್ಲ ಹೊಯ್ದರು. ಆಮೇಲೆ ಕುಕ್ಕರಗಾಲಿನಲ್ಲಿ ಕುಳಿತು ನೀರು ಆರುವುದನ್ನು ನೋಡತೊಡಗಿದರು. ಹುಲ್ಲಪ್ಪ ಕಾಲೆಳೆಯುತ್ತ ಹೋಗಿ ಅವರ ಪಕ್ಕದಲ್ಲಿ ಕುಳಿತ. ನೀರು ಆರುತ್ತ ಬಂತು. ಒಂದು ಮೂಲೆಯಲ್ಲಿ ಕೂದಲೆಳೆಯಷ್ಟು ಗೆರೆ ಉಳಿಯಿತು. ಇಬ್ಬರೂ ಒಮ್ಮೆಲೇ ಅದರತ್ತ ಬೆರಳು ಮಾಡಿದರು. ಹೀರಾಸಾಬರು ತಿರುಗಿ ಹುಲ್ಲಪ್ಪನ ಮುಖ ನೋಡಿ ತಲೆ ಬಾಗಿಸಿದರು. ಏನು ಮಾಡಬೇಕೆಂದು ತಿಳಿಯದೆ ಹುಲ್ಲಪ್ಪ ಕೈ ಮುಗಿದ.

ಆಮೇಲೆ ವರ್ಷಕ್ಕೆರಡು ಸಲ ಅವರು ಬರುತ್ತಿದ್ದರು. ಬಂದಾಗ ಕಲ್ಲಿನ ಮುಂದೆ ಕೂರುವವರು ಈ ಇಬ್ಬರೇ. ಮಧ್ಯಾಹ್ನ ಸಾವಂತ್ರವ್ವನ ಬುತ್ತಿ ಬಿಚ್ಚಿದರೆ ಹೀರಾಸಾಬರಿಗೂ ಒಂದು ರೊಟ್ಟಿ. ಮೊದಲ ದಿನ ರೊಟ್ಟಿಯನ್ನು ಎರಡೂ ಕೈಯಲ್ಲಿ ಹಿಡಿದು ಕಾಗದದಂತೆ ತಿರುಗಿಸಿ ನೋಡಿದ್ದರು. ಮೂರನೆಯ ಸಲ ಬರುವ ಹೊತ್ತಿಗೆ ರೊಟ್ಟಿಯ ಜೊತೆ ನಂಜಿಕೊಳ್ಳುವ ಶೇಂಗಾ ಹಿಂಡಿ ಇಲ್ಲದಿದ್ದರೆ ಕೈಸನ್ನೆ ಮಾಡಿ ಕೇಳುವಷ್ಟಾಗಿದ್ದರು. ತಮ್ಮ ಚೀಲದಿಂದ ಹಸಿರು ಚಹದ ಪುಡಿ ತೆಗೆದು, ಮೂರು ಕಲ್ಲಿನ ಒಲೆಯ ಮೇಲೆ ಕುದಿಸಿಕೊಟ್ಟಿದ್ದರು. ಸಾವಂತ್ರವ್ವ ಒಂದು ಗುಟುಕು ಕುಡಿದು, ಇದಕ್ಕೆ ಬೆಲ್ಲ ಹಾಕುವುದು ಮರೆತಿದ್ದಾರೆ ಎಂದು ಮಹಮ್ಮದನಿಗೆ ಹೇಳಿದಳು.

ಈ ಕಲ್ಲುಗಳು ಲಾರಿಯಲ್ಲಿ ಮದ್ರಾಸಿಗೆ, ಅಲ್ಲಿಂದ ಹಡಗಿನಲ್ಲಿ ಜಪಾನಿಗೆ ಹೋಗುತ್ತವೆ ಎಂಬುದಷ್ಟೇ ಎಲ್ಲರಿಗೂ ಗೊತ್ತಿತ್ತು. ಅಲ್ಲಿ ಏನಾಗುತ್ತವೆ ಎಂದು ಕೇಳಬೇಕೆನ್ನಿಸಿದ್ದು ಹುಲ್ಲಪ್ಪನಿಗೆ, ಅದೂ ಎರಡು ವರ್ಷದ ಮೇಲೆ. ಮಹಮ್ಮದ ಕೇಳಿ ಬಂದು ಹೇಳಿದ:

"ಕಾಕಾ, ಗೋರಿ ಮ್ಯಾಲ ನಿಲ್ಲಸ್ತಾರಂತ. ಸತ್ತವರನ್ನ ಸುಟ್ಟ ಬೂದಿ ಕೆಳಗ ಇಟ್ಟು, ಮ್ಯಾಲ ಕಲ್ಲ ನಿಲ್ಲಿಸಿ, ಮನಿತನದ ಹೆಸರ ಕೆತ್ತತಾರಂತ. ಅಪ್ಪ, ಅಜ್ಜ, ಮುತ್ಯಾ ಎಲ್ಲಾರಿಗೂ ಒಂದ ಕಲ್ಲ."

ಸುದ್ದಿ ಕ್ವಾರಿಯ ತುಂಬ ಹಬ್ಬಿತು. ಗಂಡಸರು ಅದನ್ನು ಅಲ್ಲಿಗೇ ಬಿಟ್ಟರು. ಹೆಂಗಸರು ಬಿಡಲಿಲ್ಲ. ಚಕ್ಕೆ ಹೊತ್ತು ದಣಿದಾಗ ಅವರು ಕೂರುತ್ತಿದ್ದದ್ದು ಆ ಕಲ್ಲುಗಳ ಮೇಲೆಯೇ. ಅಲ್ಲೇ ಬುತ್ತಿ ಬಿಚ್ಚುತ್ತಿದ್ದರು, ಅಲ್ಲೇ ಎಲೆ ಅಡಿಕೆ ಹಾಕುತ್ತಿದ್ದರು. ಗುಲಾಬಬಿ ಎಂಬ ಹಿರಿಯ ಹೆಂಗಸು ಅಂದೇ ಸೆರಗು ಸರಿಮಾಡಿಕೊಂಡು ಕೆಳಗಿಳಿದಳು. ಸಾವಂತ್ರವ್ವ ಅಂದು ಊಟ ಮಾಡಲಿಲ್ಲ.

ಅದಕ್ಕೆ ಅವಳದೇ ಕಾರಣವಿತ್ತು. ಅವಳ ಅಪ್ಪ ಕುರಿ ತೆಗೆದುಕೊಂಡು ರಾಯಚೂರಿನ ಕಡೆಗೆ ಹೋದವನು ಅಲ್ಲೇ ಜ್ವರ ಬಂದು ತೀರಿಕೊಂಡಿದ್ದ. ಜೊತೆಯವರು ಒಂದು ಜಾಲಿಯ ಗಿಡದ ಹತ್ತಿರ ಮಣ್ಣು ಮಾಡಿ, ಹೊಲದ ಕಲ್ಲೊಂದನ್ನಿಟ್ಟು, ಹಿಂಡು ಹೊಡೆದುಕೊಂಡು ಮುಂದೆ ಹೋಗಿದ್ದರು. ಮರುವರ್ಷ ಹುಡುಕಿದಾಗ ಗಿಡವೂ ಸಿಗಲಿಲ್ಲ, ಕಲ್ಲೂ ಸಿಗಲಿಲ್ಲ.

"ಹೆಸರ ಕೆತ್ತತಾರಂತಲ್ರಿ," ಎಂದಳು ಗಂಡನಿಗೆ. "ಯಾರ ಮನಿ ಹಿರ್ಯಾರೋ ಏನೋ. ಅಂಥಾ ಕಲ್ಲ ಹಂಗ ಬರಿಮೈಲೆ ಕಳಸೂದ ಚೊಲೋ ಅಲ್ಲ."

ಎಪ್ಪತ್ತೆಂಟರ ಶ್ರಾವಣದಲ್ಲಿ ಒಂದು ಒಳ್ಳೆಯ ಕಲ್ಲು ಸಿದ್ಧವಾಗಿತ್ತು. ಒಂದು ಚುಕ್ಕೆಯಿಲ್ಲ, ಒಂದು ಗೆರೆಯಿಲ್ಲ. ಸೋಮವಾರ ಮುಂಜಾನೆ ಸಾವಂತ್ರವ್ವ ಮನೆದೇವರು ಬೀರಪ್ಪನ ಗುಡಿಯಿಂದ ತಂದ ಅರಿಷಿಣದ ಭಂಡಾರವನ್ನು ಆ ಕಲ್ಲಿಗೆ ಹಚ್ಚಿದಳು. ಬೀರಪ್ಪನ ಕಲ್ಲಿಗೆ ಮಾಡುವ ಹಾಗೆಯೇ ಒಂದು ಬಟ್ಟಲು ಕುಸುಬಿ ಎಣ್ಣೆಯನ್ನೂ ಮೇಲಿನಿಂದ ಎರೆದಳು. ಕೈ ಮುಗಿದು ಕೆಲಸಕ್ಕೆ ಹೋದಳು.

ಮಧ್ಯಾಹ್ನದ ಹೊತ್ತಿಗೆ ಎಣ್ಣೆ ತಾಗದ ಭಂಡಾರ ಗಾಳಿಗೆ ಹಾರಿತು. ಬಿಸಿಲಿಗೆ ಎಣ್ಣೆ ಕಲ್ಲಿನೊಳಗೆ ಇಳಿಯಿತು. ಕೆಂಪು ಕಲ್ಲಿನ ನೆತ್ತಿಯ ಮೇಲೆ ಒಂದು ಮೊಳದಗಲದ ಕರಿ ಕಲೆ ಕಾಣಿಸಿತು.

ತಿಮ್ಮಣ್ಣ ನೋಡಿ ತಲೆಯ ಮೇಲೆ ಕೈ ಇಟ್ಟುಕೊಂಡ. ಬೂದಿ ಹಾಕಿ ತಿಕ್ಕಿಸಿದ, ಸೋಡಾ ಹಾಕಿ ತಿಕ್ಕಿಸಿದ, ಸೀಗೆಕಾಯಿ ಕುದಿಸಿ ಹಾಕಿಸಿದ. ಕಲೆ ಇನ್ನಷ್ಟು ಅಗಲವಾಯಿತು.

"ನಾಳೆ ಹೀರಾಸಾಬ ಬರ್ತಾರ," ಎಂದ. "ಕಲ್ಲ ಹೊಳ್ಳಿಸಿ ಹಾಕಿಬಿಡ್ರಿ. ಕಲಿ ಕೆಳಗ ಹೋಗ್ತೈತಿ. ಲಾರಿ ಏರಿದ ಮ್ಯಾಲ ಯಾರ ನೋಡ್ತಾರ? ಹುಲ್ಲಪ್ಪ, ನೀ ಮಾತ್ರ ಬಾಯಿ ಬಿಡಬ್ಯಾಡ."

ಹತ್ತು ಜನ ಹಾರೆ ಹಾಕಿ ಕಲ್ಲನ್ನು ಹೊರಳಿಸಿದರು. ಹುಲ್ಲಪ್ಪನೂ ಹಾರೆ ಹಿಡಿದಿದ್ದ. ಬೇಡ ಎಂದು ಹೇಳುವ ಧೈರ್ಯ ಅವನಿಗೆ ಆ ಹೊತ್ತಿನಲ್ಲಿ ಬರಲಿಲ್ಲ. ಸಾವಂತ್ರವ್ವ ದೂರದಲ್ಲಿ ಪುಟ್ಟಿ ಹಿಡಿದುಕೊಂಡು ನಿಂತಿದ್ದಳು.

ಮರುದಿನ ಹೀರಾಸಾಬರು ಬಂದರು. ನೀರು ಹೊಯ್ಸಿದರು, ಕುಳಿತರು. ಹುಲ್ಲಪ್ಪನೂ ಪಕ್ಕದಲ್ಲಿ ಕುಳಿತ. ನೀರು ಸರಾಗವಾಗಿ ಆರಿತು. ಎಲ್ಲಿಯೂ ಗೆರೆ ಉಳಿಯಲಿಲ್ಲ. ಹೀರಾಸಾಬರು ಸಂತೋಷದಿಂದ ಕಲ್ಲನ್ನು ತಟ್ಟಿ, ನೀನೇನು ಹೇಳುತ್ತೀ ಎಂಬಂತೆ ಹುಲ್ಲಪ್ಪನತ್ತ ನೋಡಿದರು. ಮೂರು ವರ್ಷದಿಂದ ಅವರು ಕೊನೆಗೆ ನೋಡುತ್ತಿದ್ದದ್ದು ಹಾಗೆಯೇ. ಹುಲ್ಲಪ್ಪ ತಲೆಯಾಡಿಸಿದರೆ ಬಿಳಿ ಬಣ್ಣದಿಂದ ನಂಬರು ಬರೆಯುತ್ತಿದ್ದರು.

ಹುಲ್ಲಪ್ಪನಿಗೆ ತಲೆಯಾಡಿಸಲು ಆಗಲಿಲ್ಲ.

"ಮಹಮ್ಮದ, ಅವ್ರಿಗೆ ಹೇಳಪಾ. ಕೆಳಗಿನ ಮೈ ನೋಡ್ಬೇಕಂತ ಹೇಳು. ಅಲ್ಲಿ ಎಣ್ಣಿ ಕಲಿ ಐತಿ. ನನ್ನ ಹೇಣ್ತಿ ಹಾಕ್ಯಾಳ. ಹೊಳ್ಳಿಸಿ ಮುಚ್ಚಿದವರಾಗ ನಾನೂ ಒಬ್ಬ."

ತಿಮ್ಮಣ್ಣ ಮುಖ ತಿರುಗಿಸಿಕೊಂಡ. ಮಹಮ್ಮದ ಅದನ್ನು ಇಂಗ್ಲಿಷಿನಲ್ಲಿ ಹೇಳಿದ. ಕಲ್ಲನ್ನು ಮತ್ತೆ ಹೊರಳಿಸಿದರು. ಹೀರಾಸಾಬರು ಕಲೆಯ ಮೇಲೆ ಬೆರಳಾಡಿಸಿ, ಮೂಸಿ ನೋಡಿ, ಯಾಕೆ ಎಂದು ಕೇಳಿದರು.

ಸಾವಂತ್ರವ್ವನೇ ಮುಂದೆ ಬಂದಳು. "ಹಿರ್ಯಾರ ಕಲ್ಲಂತ ಹಾಕೀನ್ರಿ. ನಮ್ಮ ಕಡೆ ಹಂಗ ಮಾಡ್ತೇವಿ. ಕಲಿ ಆಗ್ತೈತಿ ಅಂತ ನನಗ ಗೊತ್ತಿದ್ದಿಲ್ಲ."

ಈ ಮಾತನ್ನು ಇಂಗ್ಲಿಷಿಗೆ ತಿರುಗಿಸಲು ಮಹಮ್ಮದನಿಗೆ ಬಹಳ ಹೊತ್ತು ಹಿಡಿಯಿತು. ಕೈ ತೋರಿಸಿದ, ಗುಡಿಯ ಕಡೆ ತೋರಿಸಿದ, ಮತ್ತೆ ಹೇಳಿದ. ತಿಳಿದ ಮೇಲೆ ಹೀರಾಸಾಬರು ಟೊಪ್ಪಿಗೆ ತೆಗೆದರು. ಕೊಡದಲ್ಲಿ ಉಳಿದಿದ್ದ ನೀರನ್ನು ಒಂದು ತಂಬಿಗೆಯಲ್ಲಿ ತೆಗೆದುಕೊಂಡು, ಕಲ್ಲಿನ ನೆತ್ತಿಯ ಮೇಲೆ ನಿಧಾನವಾಗಿ ಎರೆದರು. ಈ ಸಲ ಸೀಳು ನೋಡಲು ಕೂರಲಿಲ್ಲ. ಕಣ್ಣು ಮುಚ್ಚಿ ಕೈ ಮುಗಿದು ನಿಂತರು. ಆಮೇಲೆ ಮಹಮ್ಮದನಿಗೆ ನಾಲ್ಕು ಮಾತು ಹೇಳಿದರು.

"ಅವರ ಊರಾಗ ಎಣ್ಣಿ ಅಲ್ಲಂತ, ನೀರ ಎರೀತಾರಂತ," ಎಂದ ಮಹಮ್ಮದ. "ವರ್ಷಕ್ಕೊಮ್ಮೆ ಮನಿ ಮಂದೆಲ್ಲಾ ಹೋಗಿ ಕಲ್ಲ ತೊಳೆದು, ನೀರ ಎರದು, ಊದಿನಕಡ್ಡಿ ಹಚ್ಚತಾರಂತ. ಅವರ ತಾಯಿ ಈಗೂ ಹೋಗ್ತಾರಂತ."

"ಊದಿನಕಡ್ಡೀನೂ ಹಚ್ಚತಾರ?" ಎಂದಳು ಸಾವಂತ್ರವ್ವ.

"ಹೂಂ, ಹಚ್ಚತಾರಂತ."

"ಮತ್ತ ಮೊದಲ ಹೇಳಬಾರದ?"

ಆ ಕಲ್ಲನ್ನು ಹೀರಾಸಾಬರು ಒಯ್ಯಲಿಲ್ಲ. ಕಲೆ ಬಿದ್ದದ್ದನ್ನು ಯಾರೂ ಕೊಳ್ಳುವುದಿಲ್ಲ, ವ್ಯಾಪಾರ ವ್ಯಾಪಾರವೇ. ತಿಮ್ಮಣ್ಣ ಎರಡು ತಿಂಗಳು ಹುಲ್ಲಪ್ಪನ ಜೊತೆ ಸರಿಯಾಗಿ ಮಾತಾಡಲಿಲ್ಲ. ಕೊನೆಗೆ ಅದನ್ನು ಒಡೆದು ಆಫೀಸಿನ ಮೆಟ್ಟಿಲಿಗೂ ಪಾಯಕ್ಕೂ ಹಾಕಿದರು. ಆದರೆ ಹೋಗುವ ಮುನ್ನ ಹೀರಾಸಾಬರು ಒಂದು ಮಾತು ಹೇಳಿ ಹೋಗಿದ್ದರು: ನೀರು ಎರೆದರೆ ಕಲ್ಲಿಗೆ ಏನೂ ಆಗುವುದಿಲ್ಲ, ಎರೆಯುವುದಾದರೆ ಎರೆಯಿರಿ.

ಆಮೇಲೆ ಕ್ವಾರಿಯಿಂದ ಹೊರಡುವ ಪ್ರತಿ ಕಲ್ಲಿಗೂ ಹೆಂಗಸರು ಒಂದು ತಂಬಿಗೆ ನೀರು ಎರೆಯತೊಡಗಿದರು. ಎರೆದ ಮೇಲೆ ಒಂದು ಚಿಟಿಕೆ ಭಂಡಾರ. ಅದು ದಾರಿಯ ಗಾಳಿಗೇ ಹೋಗುತ್ತದೆ ಎಂದು ತಿಮ್ಮಣ್ಣನೂ ಸುಮ್ಮನಾದ. ಸಾವಂತ್ರವ್ವ ಇಲ್ಲದ ದಿನ ಗುಲಾಬಬಿ ಎರೆಯುತ್ತಿದ್ದಳು. ಅವಳು ಭಂಡಾರ ಹಾಕುತ್ತಿರಲಿಲ್ಲ, ಊದಿನಕಡ್ಡಿ ಹಚ್ಚಿ ತುಟಿಯಲ್ಲೇ ಏನೋ ಓದಿಕೊಳ್ಳುತ್ತಿದ್ದಳು. ಹೊಸದಾಗಿ ಕೆಲಸಕ್ಕೆ ಬಂದವರು ಇದನ್ನು ಈ ಗುಡ್ಡದ ಹಳೆಯ ಪದ್ಧತಿ ಎಂದೇ ತಿಳಿದು ಕಲಿತರು.

ಎಂಬತ್ತೊಂದರಲ್ಲಿ ಹೀರಾಸಾಬರು ಒಂದು ಬಣ್ಣದ ಫೋಟೊ ತಂದುಕೊಟ್ಟರು. ಇಳಿಜಾರಿನ ಮೇಲೆ ಸಾಲಾಗಿ ಕಲ್ಲುಗಳು, ನಡುವೆ ಕನ್ನಡಿಯಂತೆ ಹೊಳೆಯುವ ಕೆಂಪು ಕಲ್ಲೊಂದು, ಅದರ ಮುಂದೆ ಬಾಗಿದ ಬೆನ್ನಿನ ಮುದುಕಿ, ಹೀರಾಸಾಬರ ತಾಯಿ, ಮರದ ಸೌಟಿನಿಂದ ನೀರು ಎರೆಯುತ್ತಿರುವುದು. ಹುಲ್ಲಪ್ಪ ಮುದುಕಿಯನ್ನು ಬಿಟ್ಟು ಕಲ್ಲನ್ನೇ ನೋಡಿದ. ಬಲಗಡೆಯ ಬಿಳಿ ಮಚ್ಚೆಗಳನ್ನು ಕಂಡು, ಇದು ಕ್ವಾರಿಯ ಕೆಳಗಿನ ಕುಣಿಯದು, ತಾನೇ ಆರಿಸಿದ್ದು ಎಂದ. ಸಾವಂತ್ರವ್ವ ಮುದುಕಿಯನ್ನು ನೋಡಿ, ಚಳಿ ಇದ್ದ ಹಾಗಿದೆ, ಇವಳಿಗೆ ಯಾರಾದರೂ ಒಂದು ಕಂಬಳಿ ಹೊದಿಸಬಾರದೇ ಎಂದಳು. ಮುಂದಿನ ಸಲ ಹೀರಾಸಾಬರು ಹೊರಟಾಗ ಕನಕಪ್ಪನ ಕುರಿಯ ಉಣ್ಣೆಯ ಕಂಬಳಿಯೊಂದು ಅವರ ಪೆಟ್ಟಿಗೆಯಲ್ಲಿತ್ತು.

ಎಂಬತ್ತಾರರಿಂದ ಅವರು ಬರುವುದು ನಿಂತಿತು. ವಯಸ್ಸಾಯಿತು, ಕೆಲಸದಿಂದ ನಿವೃತ್ತರಾದರು ಎಂದು ಕಾಗದ ಬಂತು. ಬದಲಿಗೆ ಬಂದವನು ಮೂವತ್ತರ ಒಳಗಿನ ತರುಣ. ಕೈಯಲ್ಲಿ ಸೀಳು ಹುಡುಕುವ ಯಂತ್ರ, ಕೊರಳಲ್ಲಿ ಕ್ಯಾಮೆರಾ. ಯಂತ್ರ ಸರಿಯಾಗಿಯೇ ಹೇಳುತ್ತಿತ್ತು. ಹುಲ್ಲಪ್ಪ ಅದನ್ನು ಎರಡು ದಿನ ಪರೀಕ್ಷೆ ಮಾಡಿ ನೋಡಿ, ಪರವಾಗಿಲ್ಲ ಎಂದು ಒಪ್ಪಿಕೊಂಡ.

ಲಾರಿ ಹೊರಡುವ ಮುನ್ನ ಸಾವಂತ್ರವ್ವ ತಂಬಿಗೆ ಹಿಡಿದು ಬಂದು ಕಲ್ಲಿಗೆ ನೀರು ಎರೆದಳು, ಭಂಡಾರ ಹಾಕಿದಳು. ತರುಣ ಕ್ಯಾಮೆರಾ ಎತ್ತಿ, ಇದೇನು ನಿಮ್ಮ ದೇಶದ ಪೂಜೆಯೇ ಎಂದು ಕೇಳಿದ. ಮಹಮ್ಮದ ತಿಳಿಸಿದ.

"ನಮ್ಮದಲ್ಲಪಾ, ನಿಮ್ಮ ಊರಿಂದು," ಎಂದ ಹುಲ್ಲಪ್ಪ. "ಹೀರಾಸಾಬ್ರು ಕಲಸ್ಯಾರ. ನಿಮ್ಮ ಮನ್ಯಾಗ ಮಾಡೂದಿಲ್ಲೇನು?"

ತರುಣ ಕ್ಯಾಮೆರಾ ಕೆಳಗಿಳಿಸಿದ. ತನ್ನ ಅಜ್ಜಿ ಮಾಡುತ್ತಿದ್ದಳು, ತಾನು ಸಣ್ಣವನಿದ್ದಾಗ ಜೊತೆಗೆ ಹೋಗುತ್ತಿದ್ದೆ, ಊರು ಬಿಟ್ಟು ದೊಡ್ಡ ಪಟ್ಟಣಕ್ಕೆ ಬಂದ ಮೇಲೆ ಹೋಗಿಲ್ಲ ಎಂದು ಹೇಳಿದ. ಆಮೇಲೆ ಹಳದಿ ಪುಡಿಯನ್ನು ತೋರಿಸಿ, ಇದು ಮಾತ್ರ ನಮ್ಮಲ್ಲಿ ಇಲ್ಲ ಎಂದ.

"ಅದು ಬೀರಪ್ಪಂದು," ಎಂದಳು ಸಾವಂತ್ರವ್ವ. ತಂಬಿಗೆಯ ತಳದಲ್ಲಿ ಇನ್ನೂ ಸ್ವಲ್ಪ ನೀರಿತ್ತು. ಅದನ್ನು ಅವನ ಕಡೆ ಚಾಚಿದಳು. "ತಗೋ ತಮ್ಮಾ, ನೀನೂ ಎರಿ."

ಅವನು ಸುತ್ತ ನಿಂತವರನ್ನು ನೋಡಿ, ಸ್ವಲ್ಪ ನಾಚಿಕೊಂಡು, ತಂಬಿಗೆ ತೆಗೆದುಕೊಂಡ. ಲಾರಿಯ ಡ್ರೈವರ್ ಇಂಜಿನ್ ಚಾಲೂ ಮಾಡಿದ್ದವನು ಮತ್ತೆ ಬಂದ್ ಮಾಡಿದ.