ನಕ್ಷೆಯಲ್ಲಿಲ್ಲದ ಮನೆ

ನಕ್ಷೆ ಕಚೇರಿಯಲ್ಲಿ ಮೂವತ್ತನಾಲ್ಕು ವರ್ಷ ದುಡಿದ ಮುದುಕನನ್ನು ಊರೆಲ್ಲ ಗೆರೆ ಮಾವ ಎಂದೇ ಕರೆಯುತ್ತಿತ್ತು. ಕೈ ಅಂದರೆ ಕೈ. ಅವನೆಳೆದ ಗೆರೆಯ ಮೇಲೆ ನೊಣ ಕೂತರೂ ಜಾರಬೇಕು. ಗುಡ್ಡದ ಮೂಲ ಜನರಲ್ಲಿ ಸರ್ಕಾರಿ ಕುರ್ಚಿ ಕಂಡ ಮೊದಲಿಗ. ಹಡಗಿನಲ್ಲಿ ಬಂದು ಗುಡ್ಡವನ್ನೇ ನುಂಗಿ ನೀರು ಕುಡಿದ ದೊರೆಗಳು ಕೊಟ್ಟ ಕುರ್ಚಿ ಅದು.

ಆ ದೊರೆಗಳದ್ದೊಂದು ನಿಯಮವಿತ್ತು. ಕಲ್ಲಿನ ತಳಪಾಯ ಇದ್ದರೆ ಮನೆ, ಇಲ್ಲದಿದ್ದರೆ ಖಾಲಿ ಜಾಗ. ಗುಡ್ಡದವರೋ ಕಂಬ ನೆಟ್ಟು, ಮಣ್ಣು ಮೆತ್ತಿ ತಲೆಮಾರುಗಟ್ಟಲೆ ಬದುಕಿದವರು. ಇಪ್ಪತ್ತೆರಡರ ಹರೆಯದ ಹುರುಪಿನಲ್ಲಿ ಅವನು ಅವ್ವನ ಮನೆಯಿದ್ದ ಇಳಿಜಾರನ್ನೂ ನಿಯಮದಂತೆ ಖಾಲಿ ಎಂದೇ ಬರೆದು ರುಜು ಹಾಕಿದ. ಕೊಡಲಿ ಕಾವು ಕುಲಕ್ಕೆ ಮೃತ್ಯು ಅನ್ನುವುದು ಸುಮ್ಮನೆಯೇ? ಮರುವರ್ಷ ಮರ ಕಡಿಯುವ ಕಂಪನಿ ಬಂದು ಎಲ್ಲರನ್ನೂ ಒಕ್ಕಲೆಬ್ಬಿಸಿತು.

ಈಗ ದೊರೆಗಳು ಹೋಗಿ, ಗುಡ್ಡವನ್ನು ಮೂಲದವರಿಗೆ ಹಿಂದಿರುಗಿಸುವ ಕಾನೂನು ಬಂದಿದೆ. ಆದರೆ ಹಳೆಯ ನಕ್ಷೆಯಲ್ಲಿ ಮನೆ ಕಾಣಿಸಿದವರಿಗೆ ಮಾತ್ರ. ಕಳ್ಳನನ್ನೇ ಸಾಕ್ಷಿಗೆ ಕರೆದ ಹಾಗಾಯಿತು! ಗೆರೆ ಮಾವನ ಅಕ್ಕ ಅರ್ಜಿ ಬರೆಸಿ, ತಮ್ಮನನ್ನು ಎಳೆದುಕೊಂಡೇ ಕಚೇರಿಗೆ ಬಂದಳು. ಸಾಯುವ ಮೊದಲು ಆ ಇಳಿಜಾರಿನಲ್ಲಿ ಒಂದು ದಿನವಾದರೂ ಒಲೆ ಹಚ್ಚಬೇಕೆಂಬುದು ಅವಳಾಸೆ.

ಗುಮಾಸ್ತೆ ನಕ್ಷೆ ಬಿಡಿಸಿದಳು. "ಇಲ್ಲಿ ಮನೆನೇ ಇಲ್ವಲ್ಲಮ್ಮ. ಖಾಲಿ ಅಂತಿದೆ."

"ಸರಿಯಾಗಿ ನೋಡು ತಾಯಿ. ನನ್ನ ತಮ್ಮ ಬರ್ದಿರೋದು, ತಪ್ಪಿರಲ್ಲ."

ಗೆರೆ ಮಾವ ಮೇಜಿನತ್ತ ಬಾಗಿದ. "ತಪ್ಪೇ ಬರ್ದಿದೀನಿ. ಅಲ್ಲಿ ಮನೆ ಇತ್ತು. ನಾನು ಹುಟ್ಟಿದ್ದೇ ಅಲ್ಲಿ."

ಗುಮಾಸ್ತೆಗೆ ಅಯ್ಯೋ ಅನಿಸಿತು. "ಬರೀ ಬಾಯಿಮಾತು ನಡೆಯಲ್ಲ ಅಜ್ಜ. ಕೆಳಗೆ ನಿಮ್ಮ ರುಜುನೇ ಇದೆ. ನಾನೇನು ಮಾಡ್ಲಿ?"

ಅರ್ಜಿ ಬಿದ್ದುಹೋಯಿತು. ಅಕ್ಕ ಬೈಯಲಿಲ್ಲ. ಬೈದಿದ್ದರೆ ಅವನ ಎದೆ ಒಂದಿಷ್ಟು ಹಗುರವಾಗುತ್ತಿತ್ತು. ಹೊರಗಿನ ಮೆಟ್ಟಿಲ ಮೇಲೆ ಕುಸಿದು ಕೂತು ಕೇಳಿದಳು.

"ಇದು ಅವ್ವಂಗೆ ಗೊತ್ತಿತ್ತೇನೋ?"

"ನಕ್ಷೆ ಮುಗಿಸಿದ ದಿನ ಮನೆಗೆ ತಂದು ತೋರಿಸ್ದೆ ಕಣಕ್ಕ. ಅವ್ವಂಗೆ ಅಕ್ಷರ ಬರ್ತಿರ್ಲಿಲ್ವಲ್ಲ, ನಮ್ಮನೆ ಯಾವುದೋ ಅಂತ ಕೇಳಿದ್ಲು. ಖಾಲಿ ಜಾಗದ ಮೇಲೆ ಬೆರಳಿಟ್ಟು ಇದೇ ಅವ್ವ ಅಂದೆ." ಮುದುಕ ಮಗುವಿನಂತೆ ಅಳತೊಡಗಿದ. "ಎಷ್ಟು ಚೆನ್ನಾಗಿ ಬರ್ದಿದೀಯೋ ಮಗನೇ ಅಂತ ನನ್ನ ಕೈಗೆ ಮುತ್ತು ಕೊಟ್ಲು."