ಮೂರು ನಿಮಿಷದ ಕಲೆಕ್ಟರ್

ಮೊನ್ನೆ ಮೊಮ್ಮಗಳ ಶಾಲೆಯ ಗ್ಯಾದರಿಂಗಿನಲ್ಲಿ ನಾಟಕಕ್ಕೆಂದು ಮಕ್ಕಳ ಮುಖಕ್ಕೆ ಬಣ್ಣ ಹಚ್ಚುತ್ತಿದ್ದರು. ಕೊಬ್ಬರಿ ಎಣ್ಣೆಯಲ್ಲಿ ಕಲಸಿದ ಬಿಳಿ ಬಣ್ಣದ ವಾಸನೆ ಮೂಗಿಗೆ ಬಡಿದದ್ದೇ ತಡ, ಆ ಕುರಿಗಾರ ನೆನಪಾದ. ಜೊತೆಗೆ ನನ್ನ ಹೊಟ್ಟೆಕಿಚ್ಚೂ ಎದ್ದು ಕೂತಿತು. ಅವನು ತೀರಿಕೊಂಡು ಎಷ್ಟೋ ವರ್ಷವಾಯಿತು, ಅದು ಮಾತ್ರ ಇನ್ನೂ ಗಟ್ಟಿಮುಟ್ಟಾಗಿದೆ.

ಎಂಬತ್ತರ ದಶಕದಲ್ಲಿ ನಾನು ಶಲವಡಿ ಸಮೀಪದ ಒಂದು ಹಳ್ಳಿಯ ಶಾಲೆಯಲ್ಲಿ ಮಾಸ್ತರನಾಗಿದ್ದೆ. ಸುಗ್ಗಿ ಮುಗಿದ ಮೇಲೆ ಊರವರು ಆಡುವ ನಾಟಕಕ್ಕೆ ಹೀರೊ ನಾನೇ. ಸ್ವಾತಂತ್ರ್ಯ ಹೋರಾಟದ ನಾಟಕವೆಂದ ಮೇಲೆ ಒಬ್ಬ ಇಂಗ್ಲಿಷ್ ಸಾಹೇಬ ಬೇಕೇಬೇಕು. ಆ ಪಾತ್ರ ಅದೇ ಊರಿನ ಕುರಿಗಾರನದು. ಬೆಕ್ಕಿನ ಕಣ್ಣು, ನೀಳ ಮೂಗು, ಆರಡಿ ಎತ್ತರ. ಮುಖಕ್ಕೆ ಆ ಬಿಳಿ ಬಣ್ಣ ಬಳಿದರೆ ಸಾಕು, ಸಾಹೇಬನೇ. ಅಣ್ಣಿಗೇರಿ, ನವಲಗುಂದದ ಕಡೆಯಿಂದಲೂ ಅವನಿಗೆ ಕರೆ ಬರುತ್ತಿತ್ತು. ಕುರಿಗಳನ್ನು ತಮ್ಮನಿಗೆ ಒಪ್ಪಿಸಿ ಹೋಗಿ, ಒಂದೂರಲ್ಲಿ ಕಲೆಕ್ಟರ್, ಇನ್ನೊಂದೂರಲ್ಲಿ ಪೊಲೀಸ್ ಸಾಹೇಬ, ಒಮ್ಮೆ ಪಾದ್ರಿಯೂ ಆಗಿ ಬಂದ. ಎಲ್ಲ ಕಡೆ ಮೂರು ನಿಮಿಷದ ಪಾತ್ರ. ಇಂಗ್ಲಿಷ್ ಒಂದಕ್ಷರ ಬಾರದು.

ಬಾರದಿದ್ದರೇನು... ಸ್ಟೇಜಿಗೆ ಬಂದು ಕುರ್ಚಿಯಲ್ಲಿ ಕೂತು, ಮೈದಾಹಿಟ್ಟಿನ ಚೀಲದ ಬಟ್ಟೆಯಲ್ಲಿ ಹೊಲಿಸಿದ ಕೈಗವಸನ್ನು ಒಂದೊಂದೇ ಬೆರಳು ಎಳೆದು ತೆಗೆಯುತ್ತಿದ್ದ. ಅಷ್ಟೇ. ಶೇಂಗಾ ತಿನ್ನುವವರ ಬಾಯಿ ನಿಲ್ಲುತ್ತಿತ್ತು. ಆಮೇಲೆ ನನ್ನ ನಾಲ್ಕು ಪುಟದ ಭಾಷಣ. ನಾನು ಗಂಟಲು ಹರಿದುಕೊಂಡು ತಾಯ್ನಾಡಿಗಾಗಿ ಪ್ರಾಣ ಬಿಡುತ್ತಿದ್ದರೆ ಜನ ಎದ್ದು ನೀರು ಕುಡಿಯಲು ಹೋಗುತ್ತಿದ್ದರು. ಮರುದಿನ ಚಹಾದಂಗಡಿಯಲ್ಲಿ, “ಸಾಹೇಬ ಅಂದ್ರ ಹಂಗಿರಬೇಕ ನೋಡ್ರಿ ಮಾಸ್ತರ್ರ” ಎಂದು ನನಗೇ ಹೇಳುತ್ತಿದ್ದರು. ನಗುತ್ತ ತಲೆಯಾಡಿಸುತ್ತಿದ್ದೆ. ಒಳಗೆ ಧಗಧಗ ಉರಿಯುತ್ತಿತ್ತು.

ಒಂದು ವರ್ಷ ತಾಲೀಮು ಮುಗಿಸಿ ಹೊರಟಾಗ ಅವನು ನನ್ನ ಹಿಂದೆಯೇ ಬಂದ. ನಾಟಕದ ಹ್ಯಾಂಡ್‌ಬಿಲ್ ಬರೆದು ಹುಬ್ಬಳ್ಳಿಯಲ್ಲಿ ಅಚ್ಚು ಹಾಕಿಸುವವನು ನಾನೇ. ಸಣ್ಣ ಪಾತ್ರದವರ ಹೆಸರು ಯಾವ ಊರಿನ ಬಿಲ್ಲಿನಲ್ಲೂ ಇರುತ್ತಿರಲಿಲ್ಲ; ‘ಮತ್ತು ಇತರರು’ ಎಂದು ಮುಗಿಸಿಬಿಡುತ್ತಿದ್ದರು.

“ಮಾಸ್ತರ್ರ, ಈ ಸಲ ನನ್ನ ಹೆಸರ ಹಾಕಸ್ರಿ. ನಿಮ್ಮ ಕೈಯಾಗ ಕಲತು ನನ್ನ ಮಗಳು ಓದಾಕತ್ತಾಳ. ಅಕಿ ಓದ್ಲಿ.”

“ಹಾಕಸ್ತೇನಿ ತಗೋ,” ಎಂದೆ.

ಬರೆದೂ ಇದ್ದೆ. ಪ್ರೆಸ್ಸಿನ ಬಾಗಿಲಲ್ಲಿ ನಿಂತು ಪೆನ್ನು ತೆಗೆದು ಹೊಡೆದುಹಾಕಿದೆ. ಜಾಗ ಬೇಕಾದಷ್ಟಿತ್ತು.

ಹ್ಯಾಂಡ್‌ಬಿಲ್ ಬಂದ ದಿನ ಅವನ ಮಗಳು ಶಾಲೆಯಲ್ಲಿ ಅದರ ಮೇಲೆ ಬೆರಳಿಟ್ಟು ಸಾಲುಸಾಲಾಗಿ ಓದಿದಳು. ನನ್ನ ಹೆಸರು ದಪ್ಪಕ್ಷರದಲ್ಲಿತ್ತು. ‘ಮತ್ತು ಇತರರು’ ಬಂತು. ಪ್ರೆಸ್ಸಿನ ವಿಳಾಸವೂ ಬಂತು. ಕಾಗದ ತಿರುವಿ ಹಿಂದೆ ನೋಡಿದಳು.

“ಗುರುಗಳ, ಅಪ್ಪನ ಹೆಸರ ಎಲ್ಲೈತ್ರಿ?”

“ಪ್ರೆಸ್ಸಿನವರು ಬಿಟ್ಟಾರವ್ವಾ.”

ನಾಟಕದ ರಾತ್ರಿ ಅವನು ಬಣ್ಣ ಹಚ್ಚಿಸಿಕೊಳ್ಳಲು ಕೂತ. ಆ ಸಲವೂ ಸ್ಟೇಜಿಗೆ ಬಂದ, ಕೈಗವಸು ತೆಗೆದ, ಜನ ಉಸಿರು ಬಿಗಿಹಿಡಿದರು. ಮುಂದಿನ ವರ್ಷ ಕರೆಯಲು ಹೋದಾಗ ಮಾತ್ರ, “ಕುರಿ ಬಿಟ್ಟು ಬರಾಕ ಆಗೂದಿಲ್ರಿ” ಅಂದ. ಬೇರೆ ಊರುಗಳಿಗೂ ಹೋಗುವುದನ್ನು ಬಿಟ್ಟನಂತೆ...

ಈಗ ಆ ಕಡೆಯವರು ಸಿಕ್ಕರೆ ಸಾಹೇಬನ ಮಾತೇ ತೆಗೆಯುತ್ತಾರೆ. ಆ ನಾಟಕಕ್ಕೆ ನಾನೇ ಹೀರೊ ಎಂದರೆ, “ಹೌದೇನ್ರಿ?” ಅನ್ನುತ್ತಾರೆ. ಅವನಂಥ ನಟನನ್ನು ಆಮೇಲೆ ನಾನು ಕಾಣಲಿಲ್ಲ. ಈ ಮಾತನ್ನು ಕೇಳಬೇಕಾದವನೇ ಇಲ್ಲ. ಇಲ್ಲಿಯವರೆಗೆ ಬರೆದದ್ದನ್ನು ಓದಿ ನೋಡಿದೆ, ಇದರಲ್ಲೂ ಅವನ ಹೆಸರಿಲ್ಲ. ಸೇರಿಸೋಣವೆಂದು ಪೆನ್ನು ಹಿಡಿದು ಕೂತಿದ್ದೇನೆ... ಈಗಲೂ ಮನಸ್ಸು ಬರಲೊಲ್ಲದು.